ಕೊಂಡ ಅಂಗಡಿ ಒಂದು, ಕೀ ಹಾಕಿದ ಖಾತೆ ಇನ್ನೊಂದು

ಪ್ರಶ್ನೆ: ಹತ್ತು ವರ್ಷಗಳಲ್ಲಿ ಬೇರೆ ಬೇರೆ ಆನ್‌ಲೈನ್ ಅಂಗಡಿಗಳಲ್ಲಿ ಗೇಮ್‌ಗಳು, ಆಫೀಸ್, ಆಂಟಿವೈರಸ್, ಅಂಗಡಿ ಲೆಕ್ಕಕ್ಕೆ ಟ್ಯಾಲಿ ಎಲ್ಲ ಕೊಂಡಿದ್ದೇವೆ. ಈಗ ಹೊಸ ಕಂಪ್ಯೂಟರ್ ಬಂದಿದೆ. ಯಾವುದು ಯಾವ ಹೆಸರಿನಲ್ಲಿ, ಎಲ್ಲಿದೆ ಎಂಬುದೇ ಗೊತ್ತಿಲ್ಲ. ಕೆಲವು ಹಳೆಯ ಇಮೇಲ್‌ಗಳೂ ತೆರೆಯುತ್ತಿಲ್ಲ. ಮತ್ತೆ ದುಡ್ಡು ಕೊಡದೆ ಇವನ್ನೆಲ್ಲ ಹೊಸದಕ್ಕೆ ತರುವುದು ಹೇಗೆ? ಮಗ 900 ರೂಪಾಯಿಗೆ ಆಫೀಸ್ ಕೀ ಸಿಗುತ್ತದೆ, ಅದನ್ನೇ ತಗೊಳ್ಳೋಣ ಅನ್ನುತ್ತಾನೆ. ತಗೊಳ್ಳಬಹುದೇ? — ದಾವಣಗೆರೆಯ ಓದುಗರು

ಉತ್ತರ: ಹಳೆಯ ಕಂಪ್ಯೂಟರನ್ನು ಈಗಲೇ ಫಾರ್ಮ್ಯಾಟ್ ಮಾಡಬೇಡಿ, ಎಕ್ಸ್‌ಚೇಂಜಿಗೂ ಕೊಡಬೇಡಿ. ನೀವು ಹುಡುಕುತ್ತಿರುವುದರ ಅರ್ಧ ಸುಳಿವು ಅದರಲ್ಲೇ ಇದೆ. ಕೆಲವು ಲೈಸೆನ್ಸ್‌ಗಳನ್ನು ಅದರಿಂದ ಬಿಡಿಸಿಕೊಂಡ ಮೇಲೆಯೇ ಹೊಸದಕ್ಕೆ ಹಾಕಲು ಸುಲಭ.

ಇಂಥ ಗೊಂದಲ ಬಹುತೇಕ ಒಂದೇ ಕಾರಣಕ್ಕೆ ಹುಟ್ಟುತ್ತದೆ. ದುಡ್ಡು ಕೊಟ್ಟ ಅಂಗಡಿ ಒಂದು, ಅಲ್ಲಿ ಸಿಕ್ಕ ಕೀ (ಕೊಂಡದ್ದನ್ನು ಚಾಲೂ ಮಾಡುವ ಅಕ್ಷರ-ಅಂಕಿಗಳ ಸಂಕೇತ) ಹೋಗಿ ಸೇರಿದ ಖಾತೆ ಇನ್ನೊಂದು. ಅಮೆಜಾನ್‌ನಲ್ಲಿ ಆಫೀಸ್ ಕೊಂಡರೆ ರಸೀದಿ ಅಮೆಜಾನ್‌ನಲ್ಲಿರುತ್ತದೆ, ಲೈಸೆನ್ಸ್ ಮಾತ್ರ ನೀವು ಅಂದು ಕೀ ಹಾಕುವಾಗ ಲಾಗಿನ್ ಆಗಿದ್ದ ಮೈಕ್ರೋಸಾಫ್ಟ್ ಖಾತೆಗೆ ಅಂಟಿಕೊಂಡಿರುತ್ತದೆ. ಗೇಮ್ ಕೀ ಮಾರುವ ಹಂಬಲ್ ಬಂಡಲ್ ತಾಣದಲ್ಲಿ ಕೊಂಡ ಗೇಮ್ ಹೆಚ್ಚಾಗಿ ಸ್ಟೀಮ್ ಎಂಬ ಆನ್‌ಲೈನ್ ಗೇಮ್ ಅಂಗಡಿಯ ಖಾತೆಯಲ್ಲಿರುತ್ತದೆ. ಸ್ಟೀಮ್‌ನಲ್ಲಿ ಕೊಂಡ ಯೂಬಿಸಾಫ್ಟ್ ಕಂಪನಿಯ ಗೇಮ್‌ಗೆ ಯೂಬಿಸಾಫ್ಟ್ ಖಾತೆಯೂ ಬೇಕು. ಒಮ್ಮೆ ಖಾತೆಗೆ ಸೇರಿದ ಕೀ ಬರೀ ಖಾಲಿ ಪೊಟ್ಟಣ. ಅದನ್ನು ಬರೆದಿಟ್ಟುಕೊಂಡಿದ್ದರೂ ಖಾತೆ ಕೈತಪ್ಪಿದರೆ ಹೆಚ್ಚಿನ ಉಪಯೋಗವಿಲ್ಲ. ಆದ್ದರಿಂದ ಗೇಮ್ ಹುಡುಕುವ ಮೊದಲು ಖಾತೆ ಹುಡುಕಿ.

ಮೊದಲು ಜಾಲಾಡಬೇಕಾದ್ದು ಇಮೇಲ್. ಮನೆಯಲ್ಲಿ ಯಾರ್‍ಯಾರ ಹೆಸರಿನ ಎಷ್ಟು ವಿಳಾಸಗಳಿವೆಯೋ ಅಷ್ಟನ್ನೂ ಒಂದು ಹಾಳೆಯಲ್ಲಿ ಬರೆದುಕೊಳ್ಳಿ, ಮಗನ ಕಾಲೇಜಿನ ಐಡಿ, ಅಂಗಡಿಯ ಐಡಿಯೂ ಸೇರಿ. ಪ್ರತಿಯೊಂದರಲ್ಲೂ ಆರ್ಡರ್, ರಿಸೀಟ್, ಲೈಸೆನ್ಸ್, ಆ್ಯಕ್ಟಿವೇಶನ್, ‘ಪ್ರಾಡಕ್ಟ್ ಕೀ’, ‘ಥ್ಯಾಂಕ್ ಯೂ ಫಾರ್ ಯುವರ್ ಪರ್ಚೇಸ್’ ಎಂಬ ಪದಗಳನ್ನು ಇಂಗ್ಲಿಷಿನಲ್ಲಿ ಟೈಪಿಸಿ ಹುಡುಕಿ. ಜಿಮೇಲ್‌ನ ಹುಡುಕುವ ಪೆಟ್ಟಿಗೆಯ ಬಲತುದಿಯ ಗುರುತನ್ನು ಒತ್ತಿದರೆ ದಿನಾಂಕದ ಮಿತಿ ಹಾಕಬಹುದು. ಅಲ್ಲಿ ‘ಮೇಲ್, ಸ್ಪ್ಯಾಮ್ ಅಂಡ್ ಟ್ರ್ಯಾಶ್’ ಆರಿಸಿ, ಏಕೆಂದರೆ ಮಾಮೂಲಿ ಹುಡುಕಾಟ ಸ್ಪ್ಯಾಮನ್ನು ಬಿಟ್ಟುಬಿಡುತ್ತದೆ. ಕೀ ಹೊತ್ತು ಬರುವ ಮೇಲ್‌ಗಳು ಸ್ಪ್ಯಾಮಿಗೆ ಬೀಳುವುದು ಸಾಮಾನ್ಯ, ಅಲ್ಲಿ 30 ದಿನ ಕಳೆದರೆ ತಾವಾಗಿಯೇ ಅಳಿಯುತ್ತವೆ.

ಮೇಲ್‌ನಲ್ಲಿ ಸಿಗದಿದ್ದರೆ ಬ್ಯಾಂಕ್ ಮತ್ತು ಕಾರ್ಡ್ ಸ್ಟೇಟ್‌ಮೆಂಟ್ ನೋಡಿ. ಆದರೆ ಅಲ್ಲಿ ಸಾಫ್ಟ್‌ವೇರ್ ಹೆಸರು ಇರಲೇಬೇಕೆಂದಿಲ್ಲ. ಸಣ್ಣ ಕಂಪನಿಗಳು ಸ್ವತಃ ದುಡ್ಡು ವಸೂಲಿ ಮಾಡದೆ ಪ್ಯಾಡಲ್, ಫಾಸ್ಟ್‌ಸ್ಪ್ರಿಂಗ್, ಕ್ಲೆವರ್‌ಬ್ರಿಜ್‌ನಂಥ ಮಧ್ಯವರ್ತಿಗಳಿಗೆ ಆ ಕೆಲಸ ಒಪ್ಪಿಸಿರುತ್ತವೆ, ಹಾಗಾಗಿ ಅವರ ಹೆಸರೇ ಕಾಣುತ್ತದೆ. ಪ್ಯಾಡಲ್ ಡಾಟ್ ನೆಟ್ ತಾಣದಲ್ಲಿ ಇಮೇಲ್ ಅಥವಾ ಕಾರ್ಡ್ ವಿವರ ಕೊಟ್ಟು ಆ ಪಾವತಿ ಯಾವುದಕ್ಕೆ ಎಂದು ತಿಳಿಯಬಹುದು. ಸ್ಟೇಟ್‌ಮೆಂಟಿನ ಆ ಸಾಲಿನ ದಿನಾಂಕ, ಮೊತ್ತ, ವ್ಯವಹಾರ ಸಂಖ್ಯೆಗಳನ್ನು ಹಾಗೇ ಬರೆದಿಡಿ. ಮುಂದೆ ಖಾತೆ ಮರಳಿ ಪಡೆಯಲು ಅವೇ ಸಾಕ್ಷಿ.

ಇನ್ನು ತೆರೆಯದ ಇಮೇಲ್‌ಗಳ ವಿಚಾರ. ಗೂಗಲ್ 2 ವರ್ಷ ಬಳಸದ ವೈಯಕ್ತಿಕ ಖಾತೆಗಳನ್ನು ಅಳಿಸುವ ನಿಯಮವನ್ನು 2023ರ ಡಿಸೆಂಬರ್‌ನಿಂದ ಜಾರಿಗೆ ತಂದಿದೆ. ಯಾಹೂ 12 ತಿಂಗಳು ತೆರೆಯದ ಮೇಲ್‌ಬಾಕ್ಸನ್ನು ಖಾಲಿ ಮಾಡುತ್ತದೆ. ಬಳಕೆಯಲ್ಲಿಲ್ಲದ ಮೊಬೈಲ್ ನಂಬರ್ ಕಡಿತಗೊಂಡು 90 ದಿನಗಳಾದ ಮೇಲೆ ಬೇರೆಯವರಿಗೆ ಹೋಗಬಹುದು, ನಿಮ್ಮ ಒಟಿಪಿಯೂ ಅವರಿಗೇ ಹೋಗುತ್ತದೆ. ಹೀಗಾಗಿ ಇವತ್ತು ತೆರೆಯುವ ಖಾತೆಗಳಲ್ಲಿ ಇವತ್ತೇ ಇಮೇಲ್ ಮತ್ತು ನಂಬರ್ ಬದಲಿಸಿ. ಹಳೆಯ ಕಂಪ್ಯೂಟರಿನಲ್ಲಿ ಸ್ಟೀಮ್, ಎಪಿಕ್, ಮೈಕ್ರೋಸಾಫ್ಟ್ ಇನ್ನೂ ಲಾಗಿನ್ ಆಗಿಯೇ ಇದ್ದರೆ ಲಾಗ್ಔಟ್ ಮಾಡಬೇಡಿ. ಬ್ರೌಸರಿನ ‘ಸೇವ್ಡ್ ಪಾಸ್‌ವರ್ಡ್ಸ್’ ಪಟ್ಟಿಯನ್ನೂ ತೆರೆದು ನೋಡಿ. ಮರೆತೇಹೋದ ಅಂಗಡಿಗಳ ಹೆಸರು ಅಲ್ಲಿ ಸಿಗುತ್ತದೆ.

ಗೇಮ್‌ಗಳಲ್ಲಿ ಸ್ಟೀಮ್‌ನಿಂದ ಶುರುಮಾಡಿ. ಸ್ಟೀಮ್‌ನ ಅಕೌಂಟ್ ನೇಮ್ ಅಂದರೆ ಇಮೇಲ್ ಅಲ್ಲ. ಒಂದೇ ಇಮೇಲಿಗೆ ಎರಡು ಮೂರು ಸ್ಟೀಮ್ ಖಾತೆಗಳಿರಬಹುದು. ಹೆಲ್ಪ್ ಡಾಟ್ ಸ್ಟೀಮ್‌ಪವರ್ಡ್ ಡಾಟ್ ಕಾಮ್‌ಗೆ ಹೋಗಿ ‘ಸೈನ್ ಇನ್ ಆಗಲು ಆಗುತ್ತಿಲ್ಲ’ ಎಂಬುದನ್ನು ಆರಿಸಿ ಇಮೇಲ್ ಅಥವಾ ಫೋನ್ ನಂಬರ್ ಕೊಟ್ಟು ಹುಡುಕಿ. ಒಳಗೆ ಹೋದ ಮೇಲೆ ‘ಅಕೌಂಟ್ ಡೀಟೇಲ್ಸ್’ ಪುಟದಲ್ಲಿ ಎರಡು ಕೊಂಡಿಗಳಿವೆ. ‘ಪರ್ಚೇಸ್ ಹಿಸ್ಟರಿ’ ತೋರಿಸುವುದು ಸ್ಟೀಮ್‌ನಲ್ಲೇ ಕೊಟ್ಟ ದುಡ್ಡನ್ನು ಮಾತ್ರ. ಹಲವರು ಅದನ್ನು ನೋಡಿ ‘ನನ್ನ ಗೇಮ್ ಇಲ್ಲ’ ಅಂದುಕೊಳ್ಳುತ್ತಾರೆ. ನಿಮಗೆ ಬೇಕಾದ್ದು ಇನ್ನೊಂದು, ‘ಲೈಸೆನ್ಸಸ್ ಅಂಡ್ ಪ್ರಾಡಕ್ಟ್ ಕೀ ಆ್ಯಕ್ಟಿವೇಶನ್ಸ್’. ಅದರಲ್ಲಿ ಪ್ರತಿ ಗೇಮ್ ಯಾವ ದಿನ, ಯಾವ ದಾರಿಯಲ್ಲಿ ಖಾತೆಗೆ ಬಂತೆಂದು ಇರುತ್ತದೆ. ‘ರೀಟೇಲ್’ ಎಂದು ಬರೆದಿದ್ದರೆ ಅದು ಹೊರಗೆ ಕೊಂಡು ಇಲ್ಲಿ ಹಾಕಿದ ಕೀ. ಪಟ್ಟಿಯಲ್ಲಿದ್ದೂ ಲೈಬ್ರರಿಯಲ್ಲಿ ಕಾಣದಿದ್ದರೆ ‘ವ್ಯೂ’ ಮೆನುವಿನ ‘ಹಿಡನ್ ಗೇಮ್ಸ್’ ನೋಡಿ.

ಹಳೆಯ ಮೇಲ್‌ಗಳಲ್ಲಿ ಕೀ ಸಿಕ್ಕರೆ ಅದರ ಆಕಾರವೇ ಸ್ವಲ್ಪ ಮಾತಾಡುತ್ತದೆ. ಸ್ಟೀಮ್ ಕೀ ಸಾಮಾನ್ಯವಾಗಿ ಐದೈದರ 3 ಗುಂಪು, ಅಂದರೆ 15 ಅಕ್ಷರ. ವಿಂಡೋಸ್, ಆಫೀಸ್ ಕೀಗಳು ಐದೈದರ 5 ಗುಂಪು, 25 ಅಕ್ಷರ. ಸ್ಟೀಮ್‌ಗೆ ಹಾಕಿದಾಗ ‘ಆಲ್‌ರೆಡಿ ಓನ್ಡ್’ ಎಂದರೆ ಆ ಗೇಮ್ ಈ ಖಾತೆಯಲ್ಲೇ ಇದೆ. ‘ಡೂಪ್ಲಿಕೇಟ್ ಪ್ರಾಡಕ್ಟ್ ಕೋಡ್’ ಎಂದರೆ ಬೇರೊಂದು ಖಾತೆಯಲ್ಲಿ ಬಳಕೆಯಾಗಿದೆ. ಆ ಬೇರೊಂದು ಖಾತೆ ಎಷ್ಟೋ ಸಲ ನಮ್ಮದೇ ಹಳೆಯದು, ಅಥವಾ ಮಗನದು. ದೇಶದ ನಿರ್ಬಂಧ ಎಂದು ಬಂದರೆ ಕೀ ಬೇರೆ ಪ್ರದೇಶಕ್ಕೆ ಮೀಸಲಾದದ್ದು, ಮಾರಿದವನನ್ನೇ ಕೇಳಬೇಕು. ಒಂದರ ಹಿಂದೊಂದು ಕೀ ಹಾಕಿ ಪರೀಕ್ಷಿಸುತ್ತ ಹೋಗಬೇಡಿ. ತಪ್ಪು ಪ್ರಯತ್ನಗಳು ಹೆಚ್ಚಾದರೆ ಸ್ಟೀಮ್ ಸ್ವಲ್ಪ ಹೊತ್ತು ಕೀ ಹಾಕುವುದನ್ನೇ ತಡೆಹಿಡಿಯುತ್ತದೆ.

ಪಾಸ್‌ವರ್ಡ್, ಇಮೇಲ್ ಎರಡೂ ಹೋಗಿದ್ದರೆ ಸ್ಟೀಮ್ ಸಹಾಯಕೇಂದ್ರ ಮಾಲೀಕತ್ವದ ಸಾಕ್ಷಿ ಕೇಳುತ್ತದೆ. ಆ ಖಾತೆಗೆ ಹಾಕಿದ ಹಳೆಯ ಕೀ, ಪಾವತಿಗೆ ಬಳಸಿದ ಕಾರ್ಡ್ ಅಥವಾ ವ್ಯವಹಾರದ ವಿವರ ಕೊಡಬಹುದು. ಡಬ್ಬದಲ್ಲಿ ಕೊಂಡ ಗೇಮ್‌ನ ಕೀ ಚೀಟಿಯನ್ನು ಎಸೆಯಬೇಡಿ ಎನ್ನುವುದು ಇದಕ್ಕೇ. ಫೋನ್ ಬದಲಿಸಿ ಸ್ಟೀಮ್ ಗಾರ್ಡ್ ಕೋಡ್ (ಲಾಗಿನ್ ಆಗುವಾಗ ಫೋನಿನ ಆ್ಯಪ್‌ನಲ್ಲಿ ಕಾಣುವ ಸಂಕೇತ) ಬರದಿದ್ದರೆ, ಅದನ್ನು ಮೊದಲ ಸಲ ಹಾಕಿಕೊಂಡಾಗ ಕೊಟ್ಟಿದ್ದ ರಿಕವರಿ ಕೋಡ್ ಬೇಕು. ಆರ್ ಅಕ್ಷರದಿಂದ ಶುರುವಾಗುತ್ತದೆ. ಬಹಳ ಜನ ಅದರ ಸ್ಕ್ರೀನ್‌ಶಾಟನ್ನು ಅದೇ ಫೋನಿನಲ್ಲಿಟ್ಟು ಫೋನಿನ ಜತೆಗೇ ಕಳೆದುಕೊಳ್ಳುತ್ತಾರೆ. ಹಾಳೆಯಲ್ಲಿ ಬರೆದು ಬೀರುವಿನಲ್ಲಿಡಿ.

ಅಮೆಜಾನ್‌ನಲ್ಲಿ ಒಂದು ಸೂಕ್ಷ್ಮವಿದೆ. ಭಾರತದ ಅಮೆಜಾನ್ ಮತ್ತು ಅಮೆರಿಕದ ಅಮೆಜಾನ್‌ಗೆ ಒಂದೇ ಲಾಗಿನ್ ನಡೆಯಬಹುದು, ಆದರೆ ಆರ್ಡರ್ ಪಟ್ಟಿಗಳು ಬೇರೆ ಬೇರೆ. ಅಮೆರಿಕದಲ್ಲಿದ್ದಾಗ ಕೊಂಡದ್ದನ್ನು ಇಲ್ಲಿನ ತಾಣದಲ್ಲಿ ಹುಡುಕಿದರೆ ಸಿಗುವುದಿಲ್ಲ. ಅಲ್ಲಿನ ತಾಣದಲ್ಲಿ ‘ಗೇಮ್ಸ್ ಅಂಡ್ ಸಾಫ್ಟ್‌ವೇರ್ ಲೈಬ್ರರಿ’ ಎಂಬ ಪುಟವಿದೆ, ಡೌನ್‌ಲೋಡ್ ಮತ್ತು ಕೀ ಎರಡೂ ಅದರಲ್ಲಿರುತ್ತವೆ. ಇಲ್ಲಿ ‘ಇಮೇಲ್ ಡೆಲಿವರಿ’ ಎಂದು ಕೊಂಡದ್ದರ ಕೀ ಮೇಲ್‌ನಲ್ಲಿ ಬಂದಿರುತ್ತದೆ. ಆ ಮೇಲ್ ಕಳೆದಿದ್ದರೆ ಆರ್ಡರಿನ ವಿವರ ಮತ್ತು ಖಾತೆಯೊಳಗಿನ ಮೆಸೇಜ್ ಸೆಂಟರ್ ನೋಡಿ. ಹಂಬಲ್ ಬಂಡಲ್‌ನಲ್ಲಿ ‘ಕೀಸ್ ಅಂಡ್ ಎಂಟೈಟಲ್‌ಮೆಂಟ್ಸ್’ ಪುಟ ತೆರೆದು, ಇನ್ನೂ ಬಳಸದ ಕೀಗಳಿದ್ದರೆ ಇವತ್ತೇ ಸ್ಟೀಮ್‌ಗೆ ಹಾಕಿ. ಕೆಲವಕ್ಕೆ ಗಡುವಿದೆ.

ಎಪಿಕ್, ಗಾಗ್, ಇಎ, ಯೂಬಿಸಾಫ್ಟ್ ಎಂಬ ಇತರ ಗೇಮ್ ಅಂಗಡಿಗಳ ಖಾತೆಗಳಲ್ಲಿ ಲಾಗಿನ್ ಆದರೆ ಲೈಬ್ರರಿ ಎದುರಿಗೇ ಇರುತ್ತದೆ, ವಿಶೇಷ ಹುಡುಕಾಟ ಬೇಡ. ಇಎಯ ಹಳೆಯ ಒರಿಜಿನ್ ಆ್ಯಪ್ ವಿಂಡೋಸ್‌ನಲ್ಲಿ 2025ರ ಏಪ್ರಿಲ್‌ನಲ್ಲಿ ನಿಂತಿದೆ. ಅದೇ ಖಾತೆಯಿಂದ ಇಎ ಆ್ಯಪ್‌ಗೆ ಹೋದರೆ ಸಾಕು. ಗಾಗ್‌ನದು ಮಾತ್ರ ಬೇರೆ ಜಾತಿ: ಅಲ್ಲಿನ ಗೇಮ್‌ಗಳಿಗೆ ಬೀಗವಿಲ್ಲ, ಆಫ್‌ಲೈನ್ ಇನ್‌ಸ್ಟಾಲರ್ ಇಳಿಸಿಕೊಂಡು ನಿಮ್ಮ ಹಾರ್ಡ್ ಡಿಸ್ಕಿನಲ್ಲಿ ಇಟ್ಟುಕೊಳ್ಳಬಹುದು, ನಾಳೆ ಅಂಗಡಿ ಮುಚ್ಚಿದರೂ ಅದು ನಡೆಯುತ್ತದೆ. ಮಿಕ್ಕ ಕಡೆ ನೀವು ಕೊಳ್ಳುವುದು ಆಡುವ ಅನುಮತಿ ಮಾತ್ರ. ಕ್ಯಾಲಿಫೋರ್ನಿಯಾದಲ್ಲಿ ಈ ಮಾತನ್ನು ಗ್ರಾಹಕರಿಗೆ ಸ್ಪಷ್ಟವಾಗಿ ಹೇಳಲೇಬೇಕೆಂಬ ಕಾನೂನು 2025ರ ಜನವರಿಯಿಂದ ಜಾರಿಯಲ್ಲಿದೆ. ಸ್ಟೀಮ್ ಅದಕ್ಕೂ ಮೊದಲೇ, 2024ರ ಅಕ್ಟೋಬರ್‌ನಿಂದ, ಹಣ ಕಟ್ಟುವ ಪುಟದಲ್ಲಿ ಈ ಸೂಚನೆ ಹಾಕುತ್ತಿದೆ. ಯೂಬಿಸಾಫ್ಟ್‌ನ ‘ದ ಕ್ರೂ’ ಗೇಮ್‌ನ ಸರ್ವರ್‌ಗಳು 2024ರ ಮಾರ್ಚ್ 31ಕ್ಕೆ ನಿಂತಾಗ, ದುಡ್ಡು ಕೊಟ್ಟವರಿಗೂ ಆಟವಿಲ್ಲವಾಯಿತು.

ಗೇಮ್ ಖಾತೆಯಲ್ಲಿದ್ದರೂ ಸೇವ್ ಫೈಲ್ (ಆಟ ಎಲ್ಲಿಯವರೆಗೆ ಬಂದಿದೆ ಎಂಬ ದಾಖಲೆ) ಖಾತೆಯಲ್ಲಿರುತ್ತದೆ ಎಂಬ ಖಾತರಿಯಿಲ್ಲ. ಸೇವ್‌ಗಳನ್ನು ಇಂಟರ್ನೆಟ್‌ನಲ್ಲಿ ಇಟ್ಟುಕೊಳ್ಳುವ ಸ್ಟೀಮ್ ಕ್ಲೌಡ್ ಸೌಲಭ್ಯ ಎಲ್ಲ ಗೇಮ್‌ಗಳಿಗೂ ಇಲ್ಲ. ಲೈಬ್ರರಿಯಲ್ಲಿ ಗೇಮ್ ಮೇಲೆ ಬಲ ಕ್ಲಿಕ್ ಮಾಡಿ ‘ಪ್ರಾಪರ್ಟೀಸ್’ ನೋಡಿದರೆ ಕ್ಲೌಡ್ ಇದೆಯೇ ಗೊತ್ತಾಗುತ್ತದೆ. ಇಲ್ಲದವುಗಳ ಸೇವ್‌ಗಳು ಹೆಚ್ಚಾಗಿ ಡಾಕ್ಯುಮೆಂಟ್ಸ್‌ನ ‘ಮೈ ಗೇಮ್ಸ್’, ಯೂಸರ್ ಫೋಲ್ಡರಿನ ‘ಸೇವ್ಡ್ ಗೇಮ್ಸ್’, ಅಡಗಿರುವ ‘ಆ್ಯಪ್‌ಡೇಟಾ’ ಇವುಗಳೊಳಗೆ ಇರುತ್ತವೆ. ಮೂರನ್ನೂ ಪೂರ್ತಿಯಾಗಿ ಪೆನ್‌ಡ್ರೈವಿಗೆ ನಕಲಿಸಿ. ಮಗ ಮುನ್ನೂರು ಗಂಟೆ ಆಡಿದ್ದು ಫಾರ್ಮ್ಯಾಟ್‌ನಲ್ಲಿ ಹೋದರೆ ಯಾವ ಅಂಗಡಿಯೂ ಮರಳಿಸುವುದಿಲ್ಲ. ಇನ್ನು 80, 100 ಜಿಬಿ ಗೇಮ್‌ಗಳನ್ನು ಮತ್ತೆ ಇಂಟರ್ನೆಟ್‌ನಿಂದ ಇಳಿಸಬೇಕಿಲ್ಲ. ಎರಡೂ ಕಂಪ್ಯೂಟರನ್ನು ಒಂದೇ ರೌಟರಿಗೆ ಸೇರಿಸಿ, ಎರಡರಲ್ಲೂ ಸ್ಟೀಮ್‌ಗೆ ಲಾಗಿನ್ ಆಗಿ, ಸೆಟ್ಟಿಂಗ್ಸ್‌ನ ‘ಡೌನ್‌ಲೋಡ್ಸ್’ನಲ್ಲಿ ಲೋಕಲ್ ನೆಟ್‌ವರ್ಕ್ ವರ್ಗಾವಣೆ ಚಾಲೂ ಮಾಡಿದರೆ ಹಳೆಯದರಿಂದಲೇ ಹೊಸದಕ್ಕೆ ಬರುತ್ತದೆ. ವೈಫೈಗಿಂತ ಕೇಬಲ್ ಹಾಕಿದರೆ ಬೇಗ ಮುಗಿಯುತ್ತದೆ.

ಈಗ ಟ್ಯಾಲಿ. ನಿಮ್ಮ ಪಟ್ಟಿಯಲ್ಲಿ ದುಬಾರಿಯದೂ ಅವಸರದ್ದೂ ಅದೇ. ಬೆಂಗಳೂರಿನ ಟ್ಯಾಲಿ ಸಲ್ಯೂಷನ್ಸ್‌ನ ಸಿಂಗಲ್ ಯೂಸರ್ ಲೈಸೆನ್ಸ್ ಆ ಕಂಪ್ಯೂಟರಿಗೆ ಕಟ್ಟಿಕೊಂಡಿರುತ್ತದೆ. ಹಳೆಯದು ಇನ್ನೂ ಚಾಲೂ ಆಗುತ್ತಿರುವಾಗಲೇ, ಇಂಟರ್ನೆಟ್ ಇರುವಾಗ, ಟ್ಯಾಲಿಪ್ರೈಮ್‌ನ ಹೆಲ್ಪ್ ಮೆನುವಿನಲ್ಲಿ ಸೆಟ್ಟಿಂಗ್ಸ್, ಅದರೊಳಗೆ ಲೈಸೆನ್ಸ್‌ಗೆ ಹೋಗಿ ‘ಸರೆಂಡರ್’ ಮಾಡಿ. ಅದಕ್ಕೂ ಮೊದಲು ಆಲ್ಟ್ ಮತ್ತು ವೈ ಒತ್ತಿ ಡೇಟಾ ಬ್ಯಾಕಪ್ ತೆಗೆದು ಹೊರಗಿನ ಡಿಸ್ಕಿಗೆ ಹಾಕಿಕೊಳ್ಳಿ. ಲೈಸೆನ್ಸ್ ಬೇರೆ, ಲೆಕ್ಕದ ಡೇಟಾ ಬೇರೆ, ಒಂದು ಬಂದರೆ ಇನ್ನೊಂದು ಬಂದಂತಲ್ಲ. 9 ಅಂಕಿಯ ಸೀರಿಯಲ್ ನಂಬರ್ ಮತ್ತು ನೋಂದಾಯಿಸಿದ ಇಮೇಲ್ ಐಡಿ ಬರೆದುಕೊಳ್ಳಿ. ಹೊಸದರಲ್ಲಿ ಅದೇ ಎರಡನ್ನು ಕೊಟ್ಟು ಆ್ಯಕ್ಟಿವೇಟ್ ಮಾಡುವುದು, ಅನ್‌ಲಾಕ್ ಕೀ ಆ ಮೇಲ್‌ಗೇ ಬರುತ್ತದೆ. ಎಷ್ಟೋ ಅಂಗಡಿಗಳಲ್ಲಿ ಆ ಐಡಿ ಮಾಲೀಕರದಲ್ಲ, ಹಾಕಿಕೊಟ್ಟ ಹುಡುಗನದೋ ಹಿಂದಿನ ಅಕೌಂಟೆಂಟ್‌ದೋ ಆಗಿರುತ್ತದೆ. ಹಾಗಿದ್ದರೆ ಸರೆಂಡರ್ ಮಾಡುವ ಮೊದಲೇ ಟ್ಯಾಲಿಯ ಪಾರ್ಟ್‌ನರ್ (ಅಧಿಕೃತ ಮಾರಾಟಗಾರ) ಮೂಲಕ ನಿಮ್ಮ ಹೆಸರಿಗೆ ಬದಲಿಸಿಕೊಳ್ಳಿ.

ವಿಂಡೋಸ್ ಬಗ್ಗೆ ಚಿಂತೆ ಬೇಡ, ಬ್ರಾಂಡೆಡ್ ಹೊಸ ಕಂಪ್ಯೂಟರಿನಲ್ಲಿ ಸಾಮಾನ್ಯವಾಗಿ ಅದರದೇ ಕೀ ಮದರ್‌ಬೋರ್ಡಿನೊಳಗೆ ಕೂತಿರುತ್ತದೆ. ಅಸೆಂಬಲ್ ಮಾಡಿಸಿದ್ದಾದರೆ ಹಳೆಯದರ ಲೈಸೆನ್ಸ್ ಯಾವ ಬಗೆಯದೆಂದು ನೋಡಬೇಕು. ವಿಂಡೋಸ್ ಬಟನ್ ಮತ್ತು ಆರ್ ಒತ್ತಿ, ಇಂಗ್ಲಿಷಿನಲ್ಲಿ ಎಸ್-ಎಲ್-ಎಂ-ಜಿ-ಆರ್, ಒಂದು ಸ್ಪೇಸ್, ಮುಂದಕ್ಕೆ ಓರೆಯಾದ ಗೆರೆ, ಡಿ-ಎಲ್-ಐ ಎಂದು ಟೈಪಿಸಿ. ಬರುವ ಪೆಟ್ಟಿಗೆಯಲ್ಲಿ ‘ರೀಟೇಲ್’ ಇದ್ದರೆ ಹೊಸದಕ್ಕೆ ಒಯ್ಯಬಹುದು. ‘ಒಇಎಂ’ (ಯಂತ್ರದ ಜತೆಗೇ ಕೊಟ್ಟದ್ದು) ಇದ್ದರೆ ಆ ಯಂತ್ರದೊಂದಿಗೇ ಅದರ ಆಯುಸ್ಸು. ‘ವಾಲ್ಯೂಮ್’ (ಸಂಸ್ಥೆಗಳಿಗೆ ಸಗಟಾಗಿ ಕೊಡುವುದು) ಇದ್ದು ನೀವು ದೊಡ್ಡ ಸಂಸ್ಥೆಯೇನೂ ಅಲ್ಲವಾದರೆ, ಅಂದು ಹಾಕಿಕೊಟ್ಟವರು ಅಸಲಿ ಹಾಕಿಲ್ಲ.

ಆಫೀಸ್ ಯಾರ ಹೆಸರಿನಲ್ಲಿದೆ ಎಂದು ತಿಳಿಯಲು ಹಳೆಯ ಕಂಪ್ಯೂಟರಿನಲ್ಲಿ ವರ್ಡ್ ತೆರೆದು ‘ಫೈಲ್’, ‘ಅಕೌಂಟ್’ ಒತ್ತಿ. ‘ಬಿಲಾಂಗ್ಸ್ ಟು’ ಎಂಬಲ್ಲಿ ಇಮೇಲ್ ಕಾಣುತ್ತದೆ. ಆ ಖಾತೆಯಿಂದ ಅಕೌಂಟ್ ಡಾಟ್ ಮೈಕ್ರೋಸಾಫ್ಟ್ ಡಾಟ್ ಕಾಮ್‌ಗೆ ಹೋಗಿ ‘ಸರ್ವಿಸಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್’ನಲ್ಲಿ ಇನ್‌ಸ್ಟಾಲ್ ಒತ್ತಿದರೆ ಆಯಿತು, ಕೀ ಕೇಳುವುದಿಲ್ಲ. ಕಂಪ್ಯೂಟರಿನಿಂದ ಕೀ ಹೊರತೆಗೆದು ಕೊಡುತ್ತೇವೆನ್ನುವ ಉಚಿತ ತಂತ್ರಾಂಶಗಳನ್ನು ನಂಬಿ ಕೂರಬೇಡಿ: ಆಫೀಸ್ 2013ರಿಂದೀಚೆಗೆ ಯಂತ್ರದಲ್ಲಿ ಉಳಿಯುವುದು ಕೀಯ ಕೊನೆಯ 5 ಅಕ್ಷರ ಮಾತ್ರ. ಹಳೆಯ ಲ್ಯಾಪ್‌ಟಾಪಿನ ಜತೆಗೇ ಬಂದ ಆಫೀಸ್ ಆ ಲ್ಯಾಪ್‌ಟಾಪಿಗೇ ಮೀಸಲು. ಹೊಸದರ ಜತೆ ಆಫೀಸ್ ಬಂದಿದೆಯೇ ಎಂದು ಬಿಲ್ಲಿನಲ್ಲಿ ನೋಡಿ, ಬಂದಿದ್ದರೆ ತಡಮಾಡದೆ ಆ್ಯಕ್ಟಿವೇಟ್ ಮಾಡಿ, ಅದಕ್ಕೆ 180 ದಿನಗಳ ಗಡುವಿರುತ್ತದೆ. ನಿಮ್ಮದು ಆಫೀಸ್ 2016 ಅಥವಾ 2019 ಆಗಿದ್ದರೆ 2025ರ ಅಕ್ಟೋಬರ್ 14ಕ್ಕೇ ಅದರ ಬೆಂಬಲ ಮುಗಿದಿದೆ. ತೆರೆಯುತ್ತದೆ, ಆದರೆ ಭದ್ರತೆಯ ತೇಪೆಗಳು ಬರುವುದಿಲ್ಲ. ಆಂಟಿವೈರಸ್‌ನದು ಸರಳ: ‘ಅಬೌಟ್’ ಪುಟದಲ್ಲಿ ಕೀ ಮತ್ತು ಮುಗಿಯುವ ದಿನ ಬರೆದುಕೊಂಡು, ಇಂಟರ್ನೆಟ್ ಇರುವಾಗ ಹಳೆಯದರಿಂದ ಅನ್‌ಇನ್‌ಸ್ಟಾಲ್ ಮಾಡಿ, ಆಮೇಲೆ ಹೊಸದಕ್ಕೆ ಹಾಕಿ. ಎರಡು ತಿಂಗಳಷ್ಟೇ ಬಾಕಿಯಿದ್ದರೆ ಅದರ ಹಿಂದೆ ಬೀಳಬೇಡಿ, ವಿಂಡೋಸ್‌ನ ಡಿಫೆಂಡರ್ ಸಾಕು.

ಇನ್ನು ಆ 900 ರೂಪಾಯಿಯ ಕೀ. ಬೇಡ. ಅಷ್ಟು ಅಗ್ಗಕ್ಕೆ ಸಿಗುವುದು ಹೆಚ್ಚಾಗಿ ‘ಪ್ರೊಫೆಷನಲ್ ಪ್ಲಸ್’. ಅದು ಸಂಸ್ಥೆಗಳಿಗೆ ಸಗಟಾಗಿ ಕೊಡುವ ಆವೃತ್ತಿ, ಬಿಡಿ ಗ್ರಾಹಕರಿಗೆ ಮಾರುವುದೇ ಅಲ್ಲ. ಯಾವುದೋ ಕಂಪನಿಗೋ ಕಾಲೇಜಿಗೋ ಕೊಟ್ಟ ಕೀಯನ್ನು ನೂರಾರು ಜನಕ್ಕೆ ಹಂಚಿರುತ್ತಾರೆ, ಮಿತಿ ಮೀರಿದಾಗ ಅದು ರದ್ದಾಗುತ್ತದೆ. ಸಂಸ್ಥೆಯ ಸರ್ವರ್ ಮೂಲಕ ಆಗಾಗ ನವೀಕರಿಸಬೇಕಾದ ಕೆಎಂಎಸ್ ಬಗೆಯದಾದರೆ ಒಮ್ಮೆಯ ಆ್ಯಕ್ಟಿವೇಶನ್ 180 ದಿನ ಮಾತ್ರ. ‘ಆರು ತಿಂಗಳು ಚೆನ್ನಾಗೇ ಇತ್ತು ಸಾರ್, ಆಮೇಲೆ ಕೆಂಪು ಪಟ್ಟಿ ಬಂತು’ ಅನ್ನುವುದರ ಗುಟ್ಟು ಅದೇ. ಕೀ ಬದಲು ಯೂಸರ್‌ನೇಮ್, ಪಾಸ್‌ವರ್ಡ್ ಕಳಿಸಿದರೆ ಇನ್ನೂ ಕೆಟ್ಟದ್ದು. ಆ ಖಾತೆಯ ಯಜಮಾನ ಬೇರೆಯವನು, ಒನ್‌ಡ್ರೈವಿಗೆ ಹಾಕಿದ ನಿಮ್ಮ ಬಿಲ್ಲು ಪಟ್ಟಿಗಳು ಅವನ ಕೈಗೆ ಸಿಗುತ್ತವೆ. ಅಂಗಡಿಯ ಕೆಲಸಕ್ಕಾದರೆ ‘ಹೋಮ್ ಅಂಡ್ ಬಿಸಿನೆಸ್’ ಕೊಳ್ಳಿ, ‘ಹೋಮ್ ಅಂಡ್ ಸ್ಟೂಡೆಂಟ್’ ಪರವಾನಗಿ ವ್ಯಾಪಾರಕ್ಕೆ ಒಪ್ಪುವುದಿಲ್ಲ. ಬರೀ ಪತ್ರ, ಸಣ್ಣ ಪಟ್ಟಿ ಅಷ್ಟೇ ಆದರೆ ಲಿಬ್ರೆ ಆಫೀಸ್ ಉಚಿತ, ಕನ್ನಡವೂ ಚೆನ್ನಾಗಿ ಬರುತ್ತದೆ.

ಗೇಮ್ ಕೀಗಳಿಗೂ ಇದೇ ಮಾತು. ಜಿ2ಎ, ಕಿಂಗ್ವಿನ್‌ನಂಥವು ಅಂಗಡಿಗಳಲ್ಲ, ಸಂತೆಗಳು, ಯಾರು ಬೇಕಾದರೂ ಬಂದು ಮಾರಬಹುದು. ಕದ್ದ ಕಾರ್ಡಿನಿಂದ ಕೊಂಡ ಕೀಗಳು ಅಲ್ಲಿಗೆ ಬಂದ ಉದಾಹರಣೆಗಳಿವೆ. ‘ಫ್ಯಾಕ್ಟೋರಿಯೋ’ ಗೇಮ್‌ನ ಕದ್ದ 198 ಕೀಗಳು ತನ್ನಲ್ಲಿ ಮಾರಾಟವಾದದ್ದನ್ನು ಜಿ2ಎ 2020ರಲ್ಲಿ ಒಪ್ಪಿಕೊಂಡು, ಗೇಮ್ ಮಾಡಿದವರಿಗೆ ಸುಮಾರು 40,000 ಡಾಲರ್ ಕೊಟ್ಟಿತು. ಅಂಥ ಕೀ ರದ್ದಾದರೆ ಗೇಮ್ ನಿಮ್ಮ ಲೈಬ್ರರಿಯಿಂದ ಹೋಗುತ್ತದೆ, ಸ್ಟೀಮ್ ದುಡ್ಡು ಕೊಡುವುದಿಲ್ಲ. ಅಗ್ಗವೇ ಬೇಕಾದರೆ ‘ಈಸ್ ದೇರ್ ಎನಿ ಡೀಲ್’ ತಾಣ ನೋಡಿ, ಅಧಿಕೃತ ಮಾರಾಟಗಾರರ ಬೆಲೆಗಳನ್ನು ಹೋಲಿಸಿ ಹಿಂದಿನ ಕನಿಷ್ಠ ಬೆಲೆಯನ್ನೂ ತೋರಿಸುತ್ತದೆ.

ಮುಂದೆ ಕೊಳ್ಳುವಾಗ ಗೊತ್ತಿರಬೇಕಾದ ಗಡುವುಗಳು: ಸ್ಟೀಮ್ ಮತ್ತು ಎಪಿಕ್‌ನಲ್ಲಿ ಕೊಂಡ 14 ದಿನದೊಳಗೆ, 2 ಗಂಟೆಗಿಂತ ಕಡಿಮೆ ಆಡಿದ್ದರೆ ಹಣ ವಾಪಸ್; ಗಾಗ್‌ನಲ್ಲಿ 30 ದಿನ, ಆಡಿದ್ದರೂ ಸರಿ. ಹೊರಗಿನ ಕೀಗೆ ಇದು ಅನ್ವಯಿಸದು. ವಿದೇಶಿ ತಾಣದಲ್ಲಿ ಕಾರ್ಡ್ ನಡೆಯದಿದ್ದರೆ ಮೊದಲು ಬ್ಯಾಂಕ್ ಆ್ಯಪ್‌ನಲ್ಲಿ ‘ಇಂಟರ್‌ನ್ಯಾಷನಲ್’ ಸ್ವಿಚ್ ನೋಡಿ. ರಿಸರ್ವ್ ಬ್ಯಾಂಕಿನ 2020ರ ನಿಯಮದಂತೆ ಹೊಸ ಕಾರ್ಡ್‌ಗಳಲ್ಲಿ ಅದು ಮೊದಲಿಗೆ ಆಫ್ ಆಗಿರುತ್ತದೆ. ದುಡ್ಡು ಹೋಗಿ ಕೀ ಬರದಿದ್ದರೆ ಅಂಗಡಿಯ ಕುಂದುಕೊರತೆ ಅಧಿಕಾರಿಗೆ ಬರೆಯಿರಿ. 2020ರ ಇ-ಕಾಮರ್ಸ್ ನಿಯಮಗಳ ಪ್ರಕಾರ 48 ಗಂಟೆಯೊಳಗೆ ದೂರು ಸಿಕ್ಕಿದೆ ಎನ್ನಬೇಕು, ಒಂದು ತಿಂಗಳಲ್ಲಿ ಬಗೆಹರಿಸಬೇಕು. ಆಗದಿದ್ದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915. ಮೋಸವೇ ಆಗಿದ್ದರೆ ಅದೇ ಗಳಿಗೆಯಲ್ಲಿ ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ಹುಡುಕಿದ್ದನ್ನೆಲ್ಲ ಒಂದು ನೋಟ್‌ಬುಕ್ಕಿನಲ್ಲಿ ಸಾಲಾಗಿ ಬರೆಯಿರಿ: ಏನು, ಎಲ್ಲಿ ಕೊಂಡದ್ದು, ಯಾವ ದಿನ, ಎಷ್ಟು, ಯಾವ ಖಾತೆಗೆ ಹಾಕಿದ್ದು, ಆ ಖಾತೆಯ ಇಮೇಲ್ ಮತ್ತು ಫೋನ್, ನವೀಕರಣದ ದಿನ. ಪಾಸ್‌ವರ್ಡ್ ಅದರಲ್ಲಿ ಬೇಡ. ಟ್ಯಾಲಿ ಸರೆಂಡರ್ ಆಗಿ, ಸೇವ್‌ಗಳು ಹೊಸದರಲ್ಲಿ ತೆರೆದು, ಆಫೀಸ್ ಆ್ಯಕ್ಟಿವೇಟ್ ಆದ ಮೇಲೂ ಹಳೆಯ ಡಿಸ್ಕನ್ನು ಎರಡು ವಾರ ಹಾಗೇ ಇಡಿ. ಮರೆತ ಒಂದಲ್ಲ ಒಂದು ಐಟಂ ನೆನಪಾಗುವುದು ಆ ಎರಡು ವಾರದಲ್ಲೇ.